ಕುಕೊವೆಟ್ಸನ ದ್ವಿವಚನ

ಮಾರಿಬೋರಿನ ನಮ್ಮ ಗಣಕ ವಿಭಾಗದಲ್ಲಿ ಬೊಗೊಮಿರ್ ಕುಕೊವೆಟ್ಸ್ ಎಂದರೆ ಎರಡು ಪುಸ್ತಕಗಳ ಮನುಷ್ಯ. ಯಂತ್ರ ಏನನ್ನು ಲೆಕ್ಕ ಹಾಕಬಲ್ಲದು, ಏನನ್ನು ಎಂದೆಂದಿಗೂ ಹಾಕಲಾರದು ಎಂಬ ಸಿದ್ಧಾಂತ ಒಂದರಲ್ಲಿ. ಪ್ರೋಗ್ರಾಮು ಬರೆಯುವ ಬಗೆ ಇನ್ನೊಂದರಲ್ಲಿ. ಎರಡನ್ನೂ ಓದದೆ ಪಾಸಾದವರಿದ್ದಾರೆ. ಅವರೆಲ್ಲ ಈಗ ಆಡಳಿತದಲ್ಲಿದ್ದಾರೆ.

ನಮ್ಮ ಸ್ಲೊವೇನಿಯನ್ ಭಾಷೆಯಲ್ಲಿ ಸಂಸ್ಕೃತದ ಹಾಗೆ ದ್ವಿವಚನವುಂಟು. ಇಬ್ಬರಿದ್ದರೆ, ಎರಡು ವಸ್ತುಗಳಿದ್ದರೆ ಕ್ರಿಯಾಪದವೇ ಬೇರೆ. ಉಳಿದ ಲೇಖಕರೆಲ್ಲ 'ನಾವು ಈಗ ನೋಡೋಣ' ಎಂದು ಬಹುವಚನದಲ್ಲಿ ಬರೆದರೆ ಇವನು 'ನಾವಿಬ್ಬರೂ ಈಗ ನೋಡೋಣ' ಎಂದು ಬರೆದ. ಬರೆದವನು ಒಬ್ಬ, ಓದುವವನು ಒಬ್ಬ, ಮೂರನೆಯವನು ಎಲ್ಲಿಂದ ಬಂದ ಎಂಬುದು ಅವನ ವಾದ. ಪ್ರಕಾಶಕರು ಸೋತು ಸುಮ್ಮನಾದರು.

ಪುಸ್ತಕಗಳ ಭಾಷೆ ತಿದ್ದುತ್ತಿದ್ದವಳು ಅವನ ಹೆಂಡತಿ ಹೆಡ್ವಿಕಾ, ಶಾಲೆಯಲ್ಲಿ ವ್ಯಾಕರಣ ಕಲಿಸಿ ನಿವೃತ್ತಳಾದವಳು. ಮೂರನೆಯ ಪುಸ್ತಕದ ಕರಡು ತಿದ್ದುತ್ತಾ ಒಂದು ಮಧ್ಯಾಹ್ನ ಕೆಂಪು ಪೆನ್ನು ಕೆಳಗಿಟ್ಟಳಂತೆ.

"ಯಾರೋ ಗೊತ್ತಿಲ್ದೋರ ಜೊತೆ ಪುಟಪುಟಕ್ಕೂ 'ನಾವಿಬ್ರು' ಅಂತೀಯ. ಮನೇಲಿ ಮಾತ್ರ 'ನಾನು ಊಟ ಮಾಡ್ತೀನಿ, ನಾನು ಹೊರಗೆ ಹೋಗ್ತೀನಿ.' ನಾನ್ಯಾರು ನಿಂಗೆ?"

ಅವನು ಉತ್ತರ ಯೋಚಿಸುವಷ್ಟರಲ್ಲಿ ಅವಳು ಪ್ತುಯಿ ಊರಿನ ತಂಗಿಯ ಮನೆ ಸೇರಿದ್ದಳು.

ಅವನ ಮನೆಗೆ ಹೋದಾಗ, ವಾಪಸು ಬರುತ್ತಾಳೋ ಎಂದು ಕೇಳಿದೆ. ಕೆಲವು ಪ್ರೋಗ್ರಾಮುಗಳು ನಿಲ್ಲುತ್ತವೋ ಇಲ್ಲವೋ ಎಂದು ಮೊದಲೇ ಹೇಳಲು ಬಾರದು ಎಂದ. ಆದರೆ ಮೇಜಿನ ಮೇಲೆ ಎರಡು ತಟ್ಟೆ ಇಟ್ಟಿದ್ದ.

ಪ್ರೋಗ್ರಾಮಿನಲ್ಲಿ ಕೆಲವು ಪದಗಳು ಮೀಸಲು. ಒಂದು ಕೆಲಸಕ್ಕೆಂದು ಇಟ್ಟದ್ದನ್ನು ಇನ್ನೊಂದಕ್ಕೆ ಬಳಸುವಂತಿಲ್ಲ. ದ್ವಿವಚನವನ್ನು ಹಾಗೆಯೇ ಹೆಂಡತಿಗೆ ಮೀಸಲಿಡಬೇಕೆಂದು ಅವನು ತೀರ್ಮಾನಿಸಿದ. ಚಿಕ್ಕದೊಂದು ಪ್ರೋಗ್ರಾಮು ಬರೆದು ಇಡೀ ಪುಸ್ತಕದ ದ್ವಿವಚನವನ್ನು ಬಹುವಚನಕ್ಕೆ ತಿರುಗಿಸಿ, ಹೊಸ ಕರಡನ್ನು ಬಗಲಲ್ಲಿಟ್ಟುಕೊಂಡು ನನ್ನ ಕಾರು ಹತ್ತಿದ. ಅವನಿಗೆ ಕಾರು ಓಡಿಸಲು ಬಾರದು.

ಪ್ತುಯಿಯಲ್ಲಿ ತಂಗಿ ತೆರೆಜಿಕಾ ನಮ್ಮಿಬ್ಬರಿಗೂ ಕುಂಬಳಬೀಜದ ಎಣ್ಣೆ ಸುರಿದ ಸಲಾಡ್ ಬಡಿಸಿದಳು; ಬ್ರೆಡ್ಡು ನನಗೆ ಮಾತ್ರ. ಹೆಡ್ವಿಕಾ ಕರಡು ತೆರೆದಳು. ಮೊದಲ ಪುಟದಲ್ಲಿ ಅವಳ ಮುಖ ಸಡಿಲವಾಯಿತು, ಎರಡನೆಯದರಲ್ಲಿ ಗಂಟಿಕ್ಕಿತು. ಪ್ರೋಗ್ರಾಮು ಹಿಂದುಮುಂದು ನೋಡದೆ ಎಲ್ಲವನ್ನೂ ತಿರುಗಿಸಿಬಿಟ್ಟಿತ್ತು. ಎರಡು ಯಂತ್ರಗಳು, ಎರಡು ಸಂಖ್ಯೆಗಳು ಎಂದು ದ್ವಿವಚನವೇ ಬರಬೇಕಾದ ಕಡೆಯೂ ಬಹುವಚನ. ನಮ್ಮೂರಿನ ಪುಟ್ಟ ಮಕ್ಕಳೂ ಮಾಡದ ತಪ್ಪು.

"ಇದನ್ನ ಹೀಗೇ ಅಚ್ಚಿಗೆ ಕೊಡ್ತಿದ್ಯಾ?" ಎಂದಳು.

"ಮನೆಗೆ ಬೇಕು ಅಂತ ಪುಸ್ತಕದಿಂದ ತೆಗೆದೆ," ಎಂದ. "ಸ್ವಲ್ಪ ಜಾಸ್ತಿ ಬಂದ್ಬಿಡ್ತು."

ಅವಳು ಕರಡು ಮುಚ್ಚಿದಳು. ಅವನು ಎದ್ದು ನಿಂತು, ಕ್ರಿಯಾಪದದ ಕೊನೆಯ ಅಕ್ಷರದವರೆಗೂ ಎಚ್ಚರದಿಂದ, ನಿಧಾನವಾಗಿ ಹೇಳಿದ:

"ನಾವಿಬ್ರೂ ಮನೆಗೆ ಹೋಗೋಣ."

ಕಾರು ಓಡಿಸಬೇಕಾದ ನಾನು ಆ ಕ್ರಿಯಾಪದದಲ್ಲಿ ಇರಲಿಲ್ಲ. ನನಗೇನೂ ಬೇಸರವಾಗಲಿಲ್ಲ.

"ತಪ್ಪಿಲ್ಲ," ಎಂದಳು ಹೆಡ್ವಿಕಾ. "ಇನ್ನೊಂದ್ಸಲ ಹೇಳು."