ಜುಸಾರಾಗೆ ಹಾಡು ಮುಗಿಸಲು ಬಿಡಿ

ಬಹರೈನಿನ ಹೂರಾ ಬಡಾವಣೆಯ ಬೀದಿಯಲ್ಲಿ ಬೆಳಗಿನ ನಮಾಜು ಮುಗಿಸಿದವರು ಚಹದಂಗಡಿಯ ಮುಂದೆ ನಿಂತಿದ್ದಾರೆ. ಎದುರಿನ ಹೋಟೆಲಿನ ಒಂದು ಮೂಲೆಯಲ್ಲಿ ಜುಸಾರಾ ತವಾರೆಸ್ ಗಿಟಾರಿನ ಮೈ ಒರೆಸುತ್ತಿದ್ದಾರೆ. ಏಸಿ ಕೋಣೆಯಿಂದ ಹೊರಗಿನ ಸೆಕೆಗೆ, ಸೆಕೆಯಿಂದ ಮತ್ತೆ ಏಸಿಗೆ ಓಡಾಡಿ ಅದರ ಶ್ರುತಿ ದಿನವೂ ಕೆಡುತ್ತದೆ. ಅದನ್ನು ಕೂಡಿಸಿ ಮೊದಲ ಹಾಡು ಎತ್ತಿಕೊಳ್ಳುವಷ್ಟರಲ್ಲಿ, ಆಮ್ಲೆಟ್ ತಟ್ಟೆ ಹಿಡಿದ ಗಿರಾಕಿಯೊಬ್ಬರು ಬಂದು ಸ್ಪ್ಯಾನಿಷ್ ಹಾಡು ಕೇಳುತ್ತಾರೆ.

"ನಾನು ಬ್ರೆಜಿಲಿನವಳು. ನಮ್ಮ ಭಾಷೆ ಪೋರ್ಚುಗೀಸ್. ಈ ಮಾತನ್ನೇ ಒಂದು ಹಾಡು ಮಾಡಿ ಹಾಡಿಬಿಡಲೇ ಅನಿಸುತ್ತದೆ" ಎಂದು ಜುಸಾರಾ ನನ್ನತ್ತ ತಿರುಗಿ ಹೇಳುತ್ತಾರೆ. ಅವರದು ಇಂಗ್ಲಿಷು, ಹಿಂದಿ, ಚೂರು ಅರಬಿ ಬೆರೆತ ಬಹರೈನಿನ ಮಾತು. ಗಿರಾಕಿ ಆಗಲೇ ಟೋಸ್ಟಿನ ಕಡೆ ಹೋಗಿಯಾಗಿದೆ.

ಅವರ ಊರು ಬ್ರೆಜಿಲಿನ ಈಶಾನ್ಯ ಕರಾವಳಿಯ ಸಿಯಾರಾ ರಾಜ್ಯದ ಕಡೆ. ಗೇರುಮರಗಳ ನಾಡು. ತಾಯಿ ಚೆನ್ನಾಗಿ ಗಿಟಾರ್ ನುಡಿಸುತ್ತಿದ್ದವರು, ಗೇರುಬೀಜದ ಕಾರ್ಖಾನೆ ಸೇರಿದರು. ಸಿಪ್ಪೆಯ ಎಣ್ಣೆ ತಾಗಿ ತಾಗಿ ಬೆರಳುಗಳು ಸುಟ್ಟುಹೋದವು, ತಂತಿ ಒತ್ತಲಾಗದೆ ಹೋಯಿತು. ಮಗಳನ್ನು ಎದುರು ಕೂರಿಸಿಕೊಂಡು, ಬಾಯಲ್ಲೇ ಹೇಳಿ ಹೇಳಿ ಬೆರಳಿಡುವುದನ್ನು ಕಲಿಸಿದರು. ಮದುವೆಮನೆಗಳಲ್ಲಿ, ಊರಿನ ರೇಡಿಯೊದಲ್ಲಿ ಹಾಡುತ್ತಲೇ ಜುಸಾರಾ ಸ್ವಂತ ಹಾಡುಗಳನ್ನು ಕಟ್ಟತೊಡಗಿದರು. ಒಂದು ರೆಕಾರ್ಡೂ ಆಯಿತು. ಅದು ಅಂಗಡಿಗೆ ಬರುವ ಮೊದಲೇ ಕಂಪನಿ ಬಾಗಿಲು ಹಾಕಿತು.

ಆಮೇಲೆ ಹಡಗೊಂದರ ವಾದ್ಯತಂಡ. ಕೊಲ್ಲಿ ಯುದ್ಧ ಮುಗಿದ ಹೊಸತರಲ್ಲಿ ಆ ತಂಡ ಬಹರೈನಿಗೆ ಬಂತು. ಜೊತೆಗಾರರು ಒಬ್ಬೊಬ್ಬರಾಗಿ ವಾಪಸಾದರು, ಇವರು ಉಳಿದರು. "ಊರಿಗೆ ಹೋದರೂ ಇಂಥದೇ ಹೋಟೆಲು ತಾನೇ? ಇಲ್ಲಿ ಕೊನೇಪಕ್ಷ ಪೌಲಿನ್ ಇದ್ದಾಳೆ."

ಪೌಲಿನ್ ಸಲ್ಮಾನಿಯಾದ ಆಸ್ಪತ್ರೆಯಲ್ಲಿ ನರ್ಸ್. ಮಂಗಳೂರಿನವರು, ಜುಸಾರಾ ಇರುವ ಕಟ್ಟಡದಲ್ಲೇ ಕೆಳಗಿನ ಮನೆ. ಮೇಜು, ಜನೆಲು, ಚಾವಿ ಎನ್ನುವ, ಪೋರ್ಚುಗೀಸಿನಿಂದಲೇ ಬಂದ ಅವರ ಕೊಂಕಣಿ ಮಾತುಗಳನ್ನು ಕೇಳಿ ಜುಸಾರಾ ಮೆಟ್ಟಿಲಲ್ಲೇ ನಿಂತುಬಿಟ್ಟಿದ್ದರಂತೆ. ಸ್ನೇಹ ಅಲ್ಲಿಂದ ಶುರು.

ಎರಡು ವರ್ಷದ ಹಿಂದೆ, ೧೯೯೪ರಲ್ಲಿ, ಬ್ರೆಜಿಲ್ ಫುಟ್ಬಾಲ್ ವಿಶ್ವಕಪ್ ಗೆದ್ದಾಗ ಇಡೀ ಹೋಟೆಲು ಇವರನ್ನು ತಲೆಯ ಮೇಲೆ ಹೊತ್ತಿತು. ಹಳದಿ ಅಂಗಿ ತೊಡಿಸಿ ಫೋಟೋ ತೆಗೆದರು. "ಒಂದು ವಾರ. ಆಮೇಲೆ ಖಲಾಸ್, ಮತ್ತೆ ನಾನು ಸ್ಪೇನಿನವಳು" ಎನ್ನುತ್ತಾರೆ.

ಇಷ್ಟರ ನಡುವೆ ಅವರು ಕಟ್ಟಿದ ಹಾಡುಗಳಲ್ಲಿ ಒಂದು ಗೇರುಹಣ್ಣಿನದು. ಮೊದಲ ಚರಣಗಳಲ್ಲಿ ಹೂವು, ಹಣ್ಣು, ಗಲ್ಲಕ್ಕಿಳಿಯುವ ರಸ. ಕುಣಿಯುವಂಥ ಮಟ್ಟು. ಕೊನೆಯ ಚರಣದಲ್ಲಿ ಮಟ್ಟು ನಿಧಾನವಾಗುತ್ತದೆ, ತಾಯಿಯ ಬೆರಳುಗಳು ಬರುತ್ತವೆ. ಅಲ್ಲಿಯವರೆಗೆ ಹೋಗಲು ಯಾರೂ ಬಿಟ್ಟಿರಲಿಲ್ಲ. ಒಮ್ಮೆ ಹಿಂದಿ ಸಿನಿಮಾದ ಹಾಡು ಬೇಕು, ಒಮ್ಮೆ ಮೈಕು ಬೇಕು, ಒಮ್ಮೆ ಕಾರು ಅಡ್ಡ ನಿಲ್ಲಿಸಿದವರು ಯಾರೆಂದು ಕೂಗಬೇಕು.

"ಎಂತ ಮಾಡುದು ಹೇಳಿ? ಗಿರಾಕಿ ಕೇಳಿದ್ದನ್ನು ಕೊಡ್ಬೇಕಲ್ಲ" ಎನ್ನುತ್ತಾರೆ ಹೋಟೆಲಿನ ಮ್ಯಾನೇಜರ್ ಹರಿನಾಥ, ಉಡುಪಿ ಕಡೆಯವರು. ಆದರೂ ಜುಸಾರಾ ಬಿಡದೆ ಕೇಳಿದ್ದಕ್ಕೆ, ಕಳೆದ ತಿಂಗಳ ಒಂದು ಶುಕ್ರವಾರ ಸ್ವಂತ ಹಾಡುಗಳಿಗೆ ಒಪ್ಪಿದರು.

ಅದರ ಹಿಂದಿನ ದಿನವೇ ಗಿಟಾರಿನ ಹಲಗೆ ಬಿರುಕು ಬಿಟ್ಟಿತು. ಪೌಲಿನ್ ಜುಸಾರಾರನ್ನು ಟುಬ್ಲಿಯ ಬಡಗಿ ಉಸ್ಮಾನ್ ಬಳಿ ಕರೆದೊಯ್ದರು. "ನಾನು ಬಾಗಿಲು ಮಾಡುವವ ಮಾರಾಯ್ತಿ, ಇದು ನನ್ನ ಕೆಲಸ ಅಲ್ಲ" ಎಂದು ಉಸ್ಮಾನ್ ಗೊಣಗಿದರು. ಗೊಣಗುತ್ತಲೇ ಬಿರುಕಿಗೆ ಅಂಟು ಹಾಕಿ, ಒಳಗಿನಿಂದ ತೆಳುವಾದ ಪಟ್ಟಿ ಕೂರಿಸಿ, ಬಿಗಿದು ಒಣಗಲು ಇಟ್ಟರು. "ನಾಳೆ ಬೆಳಿಗ್ಗೆವರೆಗೆ ಯಾರೂ ಮುಟ್ಟುದು ಬೇಡ" ಎಂದರು.

ಶುಕ್ರವಾರ ಹಾಲ್ ತುಂಬಿತ್ತು. ಜುಸಾರಾ ಗೇರುಹಾಡಿನ ನಡುವಿನಲ್ಲಿದ್ದಾಗ ಮೇಣದಬತ್ತಿ ಹಚ್ಚಿದ ಕೇಕು ಬಂತು. ತನ್ವಿ ಎಂಬ ಹುಡುಗಿಯ ಹುಟ್ಟುಹಬ್ಬ. ಹಾಡು ಬದಲಿಸುವಂತೆ ಹರಿನಾಥ ದೂರದಿಂದಲೇ ಕೈಸನ್ನೆ ಮಾಡಿದರು. ಜುಸಾರಾ ನೋಡಿದರು. ಕಣ್ಣು ಮುಚ್ಚಿಕೊಂಡು ಕೊನೆಯ ಚರಣಕ್ಕೆ ಇಳಿದರು.

"ಇವಳ ಕೆಲಸ ಹೋಯ್ತು ಅಂತಲೇ ಲೆಕ್ಕ ಹಾಕಿದೆ" ಎನ್ನುತ್ತಾರೆ ಅಲ್ಲೇ ಇದ್ದ ಪೌಲಿನ್. "ಆದ್ರೆ ನಮ್ಮ ದೊಡ್ಡಮ್ಮ ಕೂಡ ಬೀಜದ ಫ್ಯಾಕ್ಟರಿಗೆ ಹೋದವ್ರು. ಭಾಷೆ ಪೂರ್ತಿ ಗೊತ್ತಾಗದಿದ್ರೂ ಕೈಯ ವಿಷಯ ಅಂತ ಗೊತ್ತಾಯ್ತು. ನಾನು ಅಲ್ಲೇ ಅತ್ತುಬಿಟ್ಟೆ."

ಹಾಡು ಮುಗಿಯುವಷ್ಟರಲ್ಲಿ ಮೇಣ ಕೇಕಿನ ಮೇಲೆ ಇಳಿದಿತ್ತು. ಚಪ್ಪಾಳೆ ಬಿದ್ದದ್ದು ಎರಡು ಮೇಜುಗಳಿಂದ ಮಾತ್ರ. ಹರಿನಾಥ ಜುಸಾರಾರನ್ನು ಆಫೀಸಿಗೆ ಕರೆದು ಸರಿಯಾಗಿ ಬೈದರು, ಕೆಲಸದಿಂದ ತೆಗೆಯಲಿಲ್ಲ. "ತೆಗೆದ್ರೆ ಆಮೇಲೆ ಯಾರನ್ನು ತರುದು? ಆದ್ರೆ ಇನ್ನು ಸ್ವಂತ ಹಾಡು ಕಟ್ಟುದಾದ್ರೆ ಚಿಕ್ಕದು ಕಟ್ಟಿ ಅಂತ ಹೇಳಿದ್ದೇನೆ" ಎನ್ನುತ್ತಾರೆ.

ಬೈಗುಳ ತಿಂದದ್ದಕ್ಕೆ ಬೇಸರವಿಲ್ಲವೇ ಎಂದು ಜುಸಾರಾರನ್ನು ಕೇಳುತ್ತೇನೆ.

"ತನ್ವಿಗೆ ಮುಂದಿನ ವರ್ಷವೂ ಹುಟ್ಟುಹಬ್ಬ ಬರುತ್ತದೆ" ಎನ್ನುತ್ತಾರೆ, ಗಿಟಾರನ್ನು ಚೀಲಕ್ಕಿಳಿಸುತ್ತಾ. "ಹೊಸ ಹಾಡೊಂದು ಅರ್ಧ ಆಗಿದೆ. ಚಿಕ್ಕದಿರುತ್ತದೆ ಎಂದು ಹರಿನಾಥ ಆಸೆಯಲ್ಲಿದ್ದಾರೆ. ಇಲ್ಲ, ಇದು ಗೇರುಹಾಡಿಗಿಂತ ಉದ್ದ."