ಮಾಗಡಿಗೆ ಹೋಗಿ ‘ಆಗಲ್ಲ’ ಅನ್ನಿಸಿಕೊಂಡು ಬಂದದ್ದು

ಬಿಡದಿಯಲ್ಲಿ ಎರಡು ತಟ್ಟೆ ಇಡ್ಲಿ ತಿಂದು ಮೂರನೆಯದಕ್ಕೆ ಕೈ ಹಾಕುವಷ್ಟರಲ್ಲಿ ಮಾಗಡಿ ಬಸ್ಸು ಬಂದೇ ಬಿಟ್ಟಿತು. ಮಾಗಡಿಗೆ ರೈಲಿಲ್ಲ, ಬಸ್ಸು ತಪ್ಪಿದರೆ ಕಾಯುವುದೇ ಗತಿ. ಇಡ್ಲಿಯನ್ನು ತಟ್ಟೆಯಲ್ಲೇ ಬಿಟ್ಟು ಓಡಿದೆ. ಆಧಾರ್ ಕಾರ್ಡು ತೋರಿಸಿ ಹೆಂಗಸರ ಫ್ರೀ ಟಿಕೆಟ್ ಪಡೆದು ಕಿಟಕಿ ಪಕ್ಕ ಕೂತೆ. ಶಿವರಾತ್ರಿ ಇನ್ನೂ ಬಂದಿರಲಿಲ್ಲ, ಬಿಸಿಲು ಮಾತ್ರ ಆಗಲೇ ಚುರುಗುಟ್ಟುತ್ತಿತ್ತು.

ಹೊರಟದ್ದು ದೊಡ್ಡಮ್ಮನ ಕೆಲಸಕ್ಕೆ. ಮಾಗಡಿ ಹತ್ತಿರದ ಹಳ್ಳಿಯಲ್ಲಿ ಕುರಿ ಸಾಕಿಕೊಂಡಿರುವ ದೊಡ್ಡಮ್ಮನ ಹೆಸರಿಗೆ ಒಂದು ಗುಡ್ಡವಿದೆ, ಅದರ ತುಂಬ ಬಾಗೆ, ಅತ್ತಿ, ಹುಣಸೆ. ಸ್ವಂತ ಗುಡ್ಡವಾದರೂ ಮರ ಕಡಿಸಿ ಮಾರಬೇಕೆಂದರೆ ಅರಣ್ಯ ಇಲಾಖೆಯ ಅನುಮತಿ ಬೇಕು. ಅಲ್ಲಿ ಮಾತಾಡಲು ನನ್ನನ್ನು ಕರೆದಿದ್ದರು. ನಮ್ಮ ನೆಂಟರಿಷ್ಟರಲ್ಲೆಲ್ಲ ಬಾಯಿ ಜೋರು ಅಂದರೆ ನನ್ನದೇ.

ಹಳ್ಳಿ ಗೇಟಿನಲ್ಲಿ ದೊಡ್ಡಮ್ಮನೂ ಅವರ ಮೈದುನ ನಂಜಪ್ಪ ಚಿಕ್ಕಪ್ಪನೂ ಹತ್ತಿದರು. ಚಿಕ್ಕಪ್ಪ ಹಿಂದಿನ ಸೀಟಿಗೆ ಹೋದರು. ದೊಡ್ಡಮ್ಮ ನನ್ನ ಪಕ್ಕ ಕೂತು, ಒಮ್ಮೆ ಹಿಂದಿರುಗಿ ನೋಡಿ, ಕಿವಿಯಲ್ಲಿ ಉಸುರಿದರು.

“ಅವ್ರು ಆಗಲ್ಲ ಅನ್ನಂಗ್ ಮಾಡು ಕಣವ್ವ.”

“ಏನಂದ್ರಿ?”

“ಮರ ಹೋದ್ರೆ ಬ್ಯಾಸ್ಗೇಲಿ ನನ್ ಕುರಿ ಏನ್ ತಿಂತವೆ? ನನ್ ಬಾಯಿಗೆ ಮಣ್ ಬೀಳ್ತೈತೆ.”

“ಮತ್ತೆ ಒಪ್ಪಿದ್ದು ಯಾಕೆ?”

“ನಂಜಪ್ಪ ವ್ಯಾಪಾರದೋನ್ನ ಮನೆಗೇ ಕರ್ಕಂಡ್ ಬಂದ್ಬುಟ್ಟ, ನಂಗೆ ಒಳ್ಳೇದಾಗ್ಲಿ ಅಂತ್ಲೇ. ನಾಕ್ ಜನದ್ ಮುಂದೆ ಅವನ ಮಾತ್ನ ಹೆಂಗ್ ತೆಗೆದಾಕ್ಲಿ? ಎಲೆ ಅಡಿಕೆ ಕೊಟ್ಬುಟ್ಟೆ.”

ಎಲೆ ಅಡಿಕೆ ಕೈಗಿಟ್ಟ ಮೇಲೆ ಮುಗಿಯಿತು. ನಮ್ಮ ಕಡೆ ಅದು ಕೊಟ್ಟ ಮಾತು. ಮುರಿದವರು ಊರಲ್ಲಿ ತಲೆಯೆತ್ತಿ ಓಡಾಡುವಂತಿಲ್ಲ. ಸರ್ಕಾರವೇ ಬೇಡ ಅಂದರೆ ಮಾತ್ರ ಯಾರೂ ಮಾತಿಗೆ ತಪ್ಪಿದ ಹಾಗಾಗುವುದಿಲ್ಲ. ಅಯ್ಯೋ ದೇವರೇ, ಅನುಮತಿ ಕೊಡಿಸಲು ಹೊರಟವಳು ಈಗ ಅದನ್ನು ತಪ್ಪಿಸಬೇಕಾಯಿತಲ್ಲ, ಅದೂ ಚಿಕ್ಕಪ್ಪನ ಎದುರಿಗೇ! ದೂರದಲ್ಲಿ ಸಾವನದುರ್ಗದ ಬಂಡೆ ಕಂಡಿತು. ಕೂತಲ್ಲಿಂದಲೇ ನರಸಿಂಹಸ್ವಾಮಿಗೆ ಕೈಮುಗಿದು, ‘ಆಗಲ್ಲ ಅನ್ನಿಸಪ್ಪಾ’ ಅಂದೆ.

ಮಾಗಡಿಯಲ್ಲಿ ಇಳಿದು ಕಾಫಿ ಕುಡಿದೆವು. ಚಿಕ್ಕಪ್ಪ ನಮಗೆ ಕಾಸು ಬಿಚ್ಚಲು ಬಿಡಲಿಲ್ಲ. “ನೀನ್ ಬಂದಿರೋದು ಆನೆಬಲ ಕಣವ್ವ” ಎಂದರು. ನಾನು ಕಾಫಿ ಲೋಟದೊಳಗೇ ಮುಖ ಹುದುಗಿಸಿದೆ.

ಕಚೇರಿಯೊಳಗೆ ಹೋದ ಮೇಲೆ ನನ್ನ ನಾಲಿಗೆಯೇ ಕೈಕೊಟ್ಟಿತು. ಮೆತ್ತಗೆ ಮಾತಾಡಬೇಕೆಂದುಕೊಂಡಿದ್ದವಳು, ಚಿಕ್ಕಪ್ಪ ನೋಡುತ್ತಿದ್ದಾರಲ್ಲ ಎಂದು ಶುರು ಮಾಡಿದೆ. ಒಂಟಿ ಹೆಂಗಸು ಸಾರ್, ಪೂರ್ತಿ ಬಲಿತ ಮರ ಸಾರ್, ಬಿಟ್ಟರೆ ಟೊಳ್ಳಾಗುತ್ತವೆ ಸಾರ್. ಹುಟ್ಟುಗುಣ, ಏನು ಮಾಡಲಿ! ಅಧಿಕಾರಿಗೆ ಕನಿಕರ ಬಂದುಬಿಟ್ಟಿತು. “ಬಲಿತ ಮರ ಆದ್ರೆ ಕೊಡಬಹುದಮ್ಮ” ಎಂದರು. ಮೇಜಿನ ಕೆಳಗೆ ದೊಡ್ಡಮ್ಮ ನನ್ನ ಕಾಲನ್ನು ಬಲವಾಗಿ ತುಳಿದರು. ಕೆಟ್ಟೆನಲ್ಲಪ್ಪಾ ಅಂದುಕೊಂಡೆ.

“ಜಮೀನು ಹೇಗಿದೆ?” ಎಂದು ಅಧಿಕಾರಿ ಕೇಳಿದರು.

ಚಿಕ್ಕಪ್ಪನಿಗೆ ಹುಮ್ಮಸ್ಸು ಬಂತು. ಕಚೇರಿಗಳಲ್ಲಿ ಜಮೀನನ್ನು ಎಷ್ಟು ಕೆಟ್ಟದ್ದೆಂದರೆ ಅಷ್ಟು ಒಳ್ಳೆಯದು ಎಂಬುದು ನಮ್ಮ ಕಡೆಯ ರೈತರ ಲೆಕ್ಕ. “ಅದೂ ಒಂದ್ ಜಮೀನಾ ಸ್ವಾಮಿ! ನೇಗ್ಲು ನಿಲ್ಲಕ್ಕಿಲ್ಲ. ಮೇಲೆ ರಾಗಿ ಚೆಲ್ಲಿದ್ರೆ ಕೆಳಗಿನ ಕೆರೆಗೆ ಬೀಳ್ತೈತೆ. ಗೋಡೆ ನಿಲ್ಸ್ದಂಗೈತೆ, ಮರ ಹಿಡ್ಕಂಡೇ ಹತ್ಬೇಕು!”

ಅಧಿಕಾರಿ ಪೆನ್ನು ಕೆಳಗಿಟ್ಟರು. “ಅಷ್ಟು ಕಡಿದಾದ ಇಳಿಜಾರಾ? ಹಾಗಾದ್ರೆ ಬಲಿತ ಮರ ಅಂತ ಕೊಡೋಕಾಗಲ್ಲ. ಮರ ಹೋದ್ರೆ ಮಣ್ಣೆಲ್ಲ ಜಾರಿ ಕೆಳಗೆ ಬರುತ್ತೆ. ಒಣಗಿದ್ದು, ಗಾಳಿಗೆ ಬಿದ್ದಿದ್ದು, ಮನೆಗೆ ಸೌದೆ, ಕುರಿಗೆ ಸೊಪ್ಪು ಅಂತ ಕೇಳಿ, ನೋಡಿ ಕೊಡ್ತೀವಿ. ಕಡಿದು ಮಾರೋದು ಮಾತ್ರ ಆಗಲ್ಲ.”

“ಅಷ್ಟೇನ್ ಇಳಿಜಾರಿಲ್ಲ ಸ್ವಾಮಿ...” ಎಂದು ಚಿಕ್ಕಪ್ಪ ರಾಗ ಎಳೆದರು. ಮಾತು ಆಡಿದರೆ ಹೋಯಿತು, ಮುತ್ತು ಒಡೆದರೆ ಹೋಯಿತು. ನನಗಂತೂ ಹೋದ ಜೀವ ಬಂದಂತಾಯಿತು. ಅಧಿಕಾರಿಗೆ ಎರಡೆರಡು ಸಲ ನಮಸ್ಕಾರ ಹೇಳಿದೆ. ಕೆಲಸ ಆಗದವಳು ಇಷ್ಟೊಂದು ಕೈಮುಗಿಯುವುದನ್ನು ಅವರು ನೋಡಿರಲಿಕ್ಕಿಲ್ಲ.

ವಾಪಸು ಬಸ್ಸಿನಲ್ಲಿ ಮೂವರೂ ಒಂದೇ ಸೀಟಿನಲ್ಲಿ ಕೂತೆವು. ದೊಡ್ಡಮ್ಮ ಸೆರಗಿನಲ್ಲಿ ಮುಖ ಮುಚ್ಚಿಕೊಂಡರು. ಅವರ ಭುಜ ಕುಲುಕುತ್ತಿತ್ತು.

“ಅಳ್ಬ್ಯಾಡ ಅತ್ತಿಗೆ” ಎಂದರು ಚಿಕ್ಕಪ್ಪ. “ಬೆಂಗ್ಳೂರ್ ಆಫೀಸ್‌ಗಂಟ ಹೋಗನ, ನಾನಿಲ್ವಾ?”

ದೊಡ್ಡಮ್ಮ ಸೆರಗು ತೆಗೆದರು. ಕಣ್ಣಲ್ಲಿ ನೀರಿತ್ತು, ಬಾಯಿ ನಗುತ್ತಿತ್ತು. “ಬ್ಯಾಡ ಕಣಪ್ಪ, ಬ್ಯಾಡ. ಆಗಲ್ಲ ಅಂದ್ರಲ್ಲ, ನಂಗಷ್ಟೇ ಸಾಕು.”

ಚಿಕ್ಕಪ್ಪ ಅವರನ್ನೇ ನೋಡಿದರು. “ಮೊದ್ಲೇ ಒಂದ್ ಮಾತ್ ಹೇಳಕ್ಕಾಗ್ನಿಲ್ವಾ ನಿಂಗೆ?”

“ಬಂದೋರ್ ಮುಂದೆ ನಿನ್ ಮಾನ ಹೋಗ್ತಿತ್ತಲ್ಲಪ್ಪ.”

ಚಿಕ್ಕಪ್ಪ ಕಿಟಕಿಯತ್ತ ಮುಖ ತಿರುಗಿಸಿದರು. ಬಸ್ಸು ಊರು ದಾಟಿತು, ತೆಂಗಿನ ತೋಟಗಳೂ ಹಿಂದಾದವು. ಕೋಪ ಬಂತೇನೋ ಎಂದು ನನಗೆ ಅಳುಕು. ಅಷ್ಟರಲ್ಲಿ ಅವರ ಮೊಬೈಲು ಹೊಡೆದುಕೊಂಡಿತು. ಮರದ ವ್ಯಾಪಾರಿ. ಚಿಕ್ಕಪ್ಪ ಇಡೀ ಬಸ್ಸಿಗೆ ಕೇಳುವ ಹಾಗೆ ಕೂಗಿದರು:

“ಆಗಲ್ಲ ಅಂದ್ಬುಟ್ರು ಕಣಣ್ಣ! ಇಲ್ಲ, ಇನ್ನೊಂದ್ ಕಿತ ಕೇಳಂಗಿಲ್ಲ, ಕಾನೂನೇ ಹಂಗೈತೆ. ನಮ್ಮತ್ತಿಗೇನಾ? ಪಾಪ, ಪಕ್ಕದಲ್ಲೇ ಅಳ್ತಾ ಕುಂತವ್ರೆ!”