ಲಾರಿ ಹಲಗೆಯ ತಾಳ ಹಿಡಿದ ಕಮಲಾಪುರದ ಗಂಗಾ

ಕಮಲಾಪುರ ಬಸ್ ನಿಲ್ದಾಣದ ಹಿಂದಿನ ಅಕ್ಕಿ ಗಿರಣಿ ಏಳಕ್ಕೆ ಸದ್ದು ಶುರುಮಾಡುತ್ತದೆ. ಅಷ್ಟರೊಳಗೆ ಗಂಗಾ ಅವರ ಸೂಕ್ಷ್ಮ ಕೆಲಸ ಮುಗಿಯಬೇಕು. ಇನ್ನೂ ಮಬ್ಬುಗತ್ತಲು. ಹೆಡ್‌ಫೋನ್ ಏರಿಸಿ ಗಿರಣಿ ಪಕ್ಕದ ತಮ್ಮ ಅಂಗಡಿಯಲ್ಲಿ ಕುಳಿತ ಅವರು, ಹದಿನಾರು ವರ್ಷ ಹಳೆಯ ರ‍್ಯಾಪ್ ಹಾಡೊಂದರ ನಾಲ್ಕೇ ಸೆಕೆಂಡುಗಳನ್ನು ಇಪ್ಪತ್ತನೆಯ ಸಲ ಕೇಳುತ್ತಿದ್ದಾರೆ.

ಮೂವತ್ತೊಂದರ ಗಂಗಾ ಹಗಲೆಲ್ಲ ಮೊಬೈಲ್ ರಿಪೇರಿ ಮಾಡುತ್ತಾರೆ. ನಸುಕಿನಲ್ಲಿ ಹಳೆಯ ಹಿಪ್‌ಹಾಪ್ ಹಾಡುಗಳನ್ನು ಕುಣಿತದ ರೀಮಿಕ್ಸ್ ಆಗಿಸುತ್ತಾರೆ. ಒಂಬತ್ತು ವರ್ಷಗಳಲ್ಲಿ ನೂರಾ ಹತ್ತು ಹಾಡು. ಹೊಸಪೇಟೆಯಿಂದ ಕಂಪ್ಲಿಯವರೆಗೆ ಮದುವೆ ಮೆರವಣಿಗೆಗಳಲ್ಲಿ ಅವು ಮೊಳಗುತ್ತವೆ. ಆದರೆ ಡಿಜೆಗಳು ನಡುನಡುವೆ ಕೂಗಿಸುವುದು ತಂತಮ್ಮ ಹೆಸರನ್ನೇ.

"ಹೆಣ್ಮಗಳು ಡಬ್ಬಿ ಬಡದ್ರ ಯಾರ್ ಕುಣೀತಾರ ಅಂದಿದ್ರು ನಮ್ಮ ಮಾವ," ಎಂದು ಗಂಗಾ ನಗುತ್ತಾರೆ. "ಅವ್ರ ಮಗನ ಮದುವ್ಯಾಗ ನಂದ ಹಾಡು. ಮಾವ ಟವೆಲ್ ತಿರಿವಿ ತಿರಿವಿ ಕುಣದ್ರು. ನಾ ಹೇಳಾಕ ಹೋಗ್ಲಿಲ್ರಿ."

ಈಗ ಕೈಯಲ್ಲಿರುವ ಹಾಡು ಲಿಂಗರಾಜ್ ಅವರದು. ಸಂಡೂರಿನಲ್ಲಿ ಅದಿರು ಲಾರಿ ಓಡಿಸುತ್ತಿದ್ದಾಗ ಕೆಂಧೂಳಿನ ಬದುಕನ್ನೇ ಪದ ಕಟ್ಟಿ ಮೊಬೈಲಿನಲ್ಲಿ ಹಾಡಿ ಮುದ್ರಿಸಿಕೊಂಡದ್ದು. ಗೆಳೆಯ ತೋಟಪ್ಪ ಲಾರಿಯ ಪಕ್ಕದ ಹಲಗೆ ಬಡಿದು ತಾಳ ಕೊಟ್ಟಿದ್ದರು. ಫೋನಿಂದ ಫೋನಿಗೆ ದಾಟಿದ ಹಾಡಿಗೆ ಗಣಿಯೂರು ದೋಣಿಮಲೈಯಲ್ಲಿ ಈಗಲೂ ಎರಡು ರೂಪಗಳಿವೆ. ಒಂದನ್ನು ಯಾರೋ ತಮ್ಮ ಲಾರಿಯ ನಂಬರ್ ಸೇರಿಸಿ ಮತ್ತೆ ಹಾಡಿದ್ದಾರೆ. ತೋಟಪ್ಪ ತೀರಿಕೊಂಡು ಏಳು ವರ್ಷವಾಗಿದೆ.

ನಿಮಿಷಕ್ಕೆ ತೊಂಬತ್ತು ಪೆಟ್ಟಿನ ಆ ಹಾಡನ್ನು ಗಂಗಾ ನೂರಿಪ್ಪತ್ತೆಂಟಕ್ಕೆ ಏರಿಸಿದರು. ಹಿಂದಿನ ಗದ್ದಲ ಅಳಿಸಿ ಹೊಸ ಡ್ರಮ್ ಕೂಡಿಸಿದರು. ಒಪ್ಪಿಗೆ ಕೇಳಲು ಬುಕ್ಕಸಾಗರಕ್ಕೆ ಹೋದರು. ಅಲ್ಲೀಗ ಬಾಳೆಗೊನೆ ಹೇರುವ ಲಿಂಗರಾಜ್ ಕಡೆಯವರೆಗೂ ಕೇಳಿದರು.

"ಮಸ್ತ್ ಐತವ್ವ. ನಮ್ಮ ತೋಟಪ್ಪ ಎಲ್ಲ್ಯದಾನ?"

ಗದ್ದಲವೆಂದು ಗಂಗಾ ಅಳಿಸಿದ್ದು ಹಲಗೆ ಬಡಿದ ತೋಟಪ್ಪನ ಕೈಯನ್ನೇ!

"ಅಂವ ಇಲ್ದ ಈ ಹಾಡು ಹೊರಗ ಬ್ಯಾಡ," ಎಂದುಬಿಟ್ಟರು ಲಿಂಗರಾಜ್.

ಅಳಿಸಿದ್ದನ್ನು ಮರಳಿ ತರುವುದು ಸುಲಭ, ಹೊಂದಿಸುವುದು ಕಷ್ಟ. ಮೂರನೆಯ ಚರಣದಲ್ಲಿ ಹುರುಪೇರಿ ತೋಟಪ್ಪನ ಕೈ ಲಯ ಮೀರಿ ಮುಂದೆ ಓಡುತ್ತದೆ. ಕಂಪ್ಯೂಟರಿಗೆ ಎಲ್ಲ ಪೆಟ್ಟೂ ಅಳತೆಗೆ ಸರಿಯಾಗಿ ಬೀಳಬೇಕು. ಅದನ್ನು ನೇರ್ಪಡಿಸಿದರೆ ತಾಳ ಉಳಿಯುತ್ತದೆ, ತೋಟಪ್ಪ ಉಳಿಯುವುದಿಲ್ಲ. ಮೂರು ವಾರಗಳ ನಸುಕನ್ನು ಸವೆಸಿ, ಗಂಗಾ ಆ ಕೈಯನ್ನು ಮುಟ್ಟದೆ ತಮ್ಮ ಡ್ರಮ್ಮನ್ನೇ ಅದರ ಹಿಂದೆ ಓಡಿಸಿದ್ದಾರೆ.

ಆರೂವರೆಯ ಹೊತ್ತಿಗೆ ಲಿಂಗರಾಜ್ ಬರುತ್ತಾರೆ, ಜತೆಗೆ ತೋಟಪ್ಪನ ಹೆಂಡತಿ ಎರ್ರಮ್ಮ. ಗಂಗಾ ಹಾಡು ಹಚ್ಚಿ, ಗೋಡೆಗೆ ಒರಗಿ ನಿಲ್ಲುತ್ತಾರೆ. ಮೂರನೆಯ ಚರಣಕ್ಕೆ ಎರ್ರಮ್ಮನ ತಲೆ ಮೇಲೇಳುತ್ತದೆ.

"ಇದು ನಮ್ಮ ಮನಿಯವ್ರ ಕೈನ! ಕುಡುದ್ ಬಂದಾಗ ಬಾಗ್ಲಾ ಹಿಂಗ ಬಡೀತಿದ್ರು. ತೆಗಿಯೋತನ ಬಿಡ್ತಿದ್ದಿಲ್ಲ."

ಲಿಂಗರಾಜ್ ನಗುತ್ತಲೇ ಕಣ್ಣೊರೆಸಿಕೊಳ್ಳುತ್ತಾರೆ. "ಇನ್ನ ಹಾಡು ಹೊರಗ ಬಿಡವ್ವ ಗಂಗಾ. ಊರೆಲ್ಲ ಕುಣೀಲಿ."

ಕೈ ಓಡುವ ಆ ಚರಣದಲ್ಲಿ ಕುಣಿಯುವವರ ಹೆಜ್ಜೆ ತಪ್ಪೀತಲ್ಲ ಎಂದು ಕೇಳಿದರೆ ಗಂಗಾ ಹೌದೆಂದು ತಲೆಯಾಡಿಸುತ್ತಾರೆ.

"ಒಂದ್ ಸಲ ತಪ್ಪಲಿ ಬಿಡ್ರಿ. ಎರಡ್ನೇ ಸಲಕ್ಕ ಕಾಲು ತಾವ ತೋಟಪ್ಪಣ್ಣನ ಕೈ ಹಿಡೀತಾವ."